ಪಕ್ಕದ ದೋಣಿಯ ಉಪ್ಪು

ನನ್ನ ತಮ್ಮ ಅಶಿಲ್ ಸುಳ್ಳುಗಾರನಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ಮುಂದೆ ನಾನು ಅವನನ್ನು ಬಾಯಿಗೆ ಬಂದಂತೆ ಬಯ್ಯುವುದಿದೆ. ಅವನು ಸುಳ್ಳು ಹೇಳಿದ್ದರೆ ನನ್ನ ಕೆಲಸ ಸುಲಭವಾಗುತ್ತಿತ್ತು. ಸುಳ್ಳುಗಾರನ ಕೆನ್ನೆಗೆ ಎರಡು ಬಾರಿಸಬಹುದು. ಮನಸಾರೆ ನಂಬಿದ್ದನ್ನು ಬರೆದವನನ್ನು ಏನು ಮಾಡುವುದು?

ಅವನ ಪುಸ್ತಕದ ಪ್ರೂಫು ಬಂದದ್ದು ಒಂದು ಮಂಗಳವಾರ, ತೊಂಬತ್ತೈದರ ಅಕ್ಟೋಬರಿನಲ್ಲಿ. ನಾನಿರುವುದು ಸೇಂ-ಮಾಮೆಸ್‌ನಲ್ಲಿ, ಸೇನ್ ನದಿಯ ದಂಡೆಗೆ. ಸರಕು ದೋಣಿಯವರು ಮೈಯಲ್ಲಿ ಕಸುವು ಮುಗಿದ ಮೇಲೆ ನೆಲ ಹತ್ತುವ ಊರು ಇದು. ಕಿಟಕಿ ತೆಗೆದರೆ ನೀರು ಕಾಣಬೇಕು, ಇಲ್ಲದಿದ್ದರೆ ದೋಣಿಯಲ್ಲೇ ಹುಟ್ಟಿ ಬೆಳೆದ ನಮಗೆ ನಿದ್ದೆ ಹತ್ತುವುದಿಲ್ಲ. ನನ್ನ ಗಂಡ ದೋಣಿಗಳನ್ನು ದಾಟಿಸುವ ಕಾಲುವೆಯ ಗೇಟು ಕಾಯುತ್ತಿದ್ದ, ತೀರಿಕೊಂಡು ಒಂಬತ್ತು ವರ್ಷವಾಗಿತ್ತು. ಎಪ್ಪತ್ತೊಂದು ವಯಸ್ಸಿನ ಒಂಟಿ ಹೆಂಗಸಿಗೆ ಅಂಚೆಯವನು ಅಷ್ಟು ದಪ್ಪ ಕವರು ತಂದರೆ ಬೀದಿಯೆಲ್ಲ ತಿರುಗಿ ನೋಡುತ್ತದೆ. "ಏನಜ್ಜಿ, ಮದುವೆ ಕಾಗದವಾ?" ಎಂದ ಅವನು. "ಹೌದು, ನಿಮ್ಮಪ್ಪನ ಜೊತೆ," ಎಂದು ಬಾಗಿಲು ಹಾಕಿಕೊಂಡೆ.

ಒಳಗೆ ಅಶಿಲ್‌ನ ಆತ್ಮಕಥೆ. ಅರವತ್ತೆಂಟು ವರ್ಷ, ನೂರ ನಲವತ್ತು ಹಾಡು, ಮೂರು ಕಾದಂಬರಿ, ಇಬ್ಬರು ಹೆಂಡಂದಿರು, ಒಂದು ಹೃದಯದ ಆಪರೇಷನ್. ಎರಡನೆಯ ಕಾದಂಬರಿಗೆ ಬಹುಮಾನ ಬಂದಾಗ ನಾನು ಅದನ್ನು ನಲವತ್ತು ಪುಟ ಓದಿ ಟೇಬಲ್ಲಿನ ಕಾಲ ಕೆಳಗೆ ಇಟ್ಟೆ ಎಂದು ಅವನೇ ಎಲ್ಲರಿಗೂ ಹೇಳಿ ನಗುತ್ತಾನೆ. ನಿಜ. ಟೇಬಲ್ಲು ಅಲ್ಲಾಡುತ್ತಿತ್ತು. ಹಾಡು ಬರೆಯುವಾಗ ನಾಲ್ಕು ಮಾತಿನಲ್ಲಿ ಮುಗಿಸುವವನು ಕಾದಂಬರಿಗೆ ಕೂತರೆ ನಾಲ್ಕು ನೂರು ಪುಟ ಎಳೆಯುತ್ತಾನೆ.

ಕವರಿನಲ್ಲಿ ಅವನ ಚೀಟಿ ಇತ್ತು: ‘ಅಕ್ಕ, ಹೆಸರು, ಊರು, ಇಸವಿ ತಪ್ಪಿದ್ದರೆ ತಿದ್ದು. ಸೋಮವಾರ ಅಚ್ಚಿಗೆ ಹೋಗಬೇಕು. ಭಾನುವಾರ ಊಟಕ್ಕೆ ಬಂದು ಒಯ್ಯುತ್ತೇನೆ.’

ನಾನು ಕನ್ನಡಕ ಏರಿಸಿ, ಕೆಂಪು ಪೆನ್ಸಿಲ್ ಹಿಡಿದು, ಅಡುಗೆಮನೆಯ ಮೇಜಿಗೆ ಕೂತೆ. ಓದಿಸಿಕೊಂಡು ಹೋಗುತ್ತಿತ್ತು ಎಂದು ಒಪ್ಪಿಕೊಳ್ಳಬೇಕು. ಅಪ್ಪನ ದೋಣಿಯ ಉದ್ದ ತಪ್ಪಿತ್ತು, ತಿದ್ದಿದೆ. ಅಜ್ಜಿಯ ಊರು ತಪ್ಪಿತ್ತು, ತಿದ್ದಿದೆ. ಮೊದಲ ಹೆಂಡತಿ ಮಾರ್ಗೆರಿತ್ ಬಿಟ್ಟುಹೋದ ಕಾರಣವೂ ತಪ್ಪಿತ್ತು. ಅದನ್ನು ತಿದ್ದಲಿಲ್ಲ, ಅದು ಅವರವರ ಸಂಸಾರ. ನೂರ ಹನ್ನೆರಡನೆಯ ಪುಟಕ್ಕೆ ಬಂದೆ.

‘ನನ್ನ ಮೊದಲ ರೆಕಾರ್ಡಿನ ಹನ್ನೊಂದು ಹಾಡುಗಳ ಮೇಲೂ "ಮಾತು: ಎಫ್. ವಾತ್ರಿನ್" ಎಂದಿದೆ. ಅದು ನನ್ನ ಅಕ್ಕ ಫೆರ್ನಾಂದ್. ನಾನು ಬರೆದೆ, ಅವಳು ತನ್ನ ಹೆಸರು ಕೊಟ್ಟಳು. ಆ ಹೆಸರಿಲ್ಲದಿದ್ದರೆ ನನ್ನ ಹಾಡು ಹೊರಗೆ ಬರುತ್ತಿರಲಿಲ್ಲ. ನಲವತ್ತು ವರ್ಷದ ಮೇಲೆ, ಹನ್ನೊಂದೂ ನನ್ನವು ಎಂದು ಹೇಳಲು ಅವಳ ಅಪ್ಪಣೆ ಬೇಡುತ್ತೇನೆ.’

"ಹನ್ನೊಂದಲ್ಲವೋ, ಹತ್ತು!" ಎಂದು ನಾನು ಬರಿಯ ಗೋಡೆಗೆ ಕೂಗಿದೆ.

ಆ ಹತ್ತು ಮತ್ತು ಒಂದರ ಕಥೆ ಹೇಳಬೇಕು. ನಮ್ಮ ಕಾಲದಲ್ಲಿ ಹಾಡು ಬರೆದ ಮಾತ್ರಕ್ಕೆ ಯಾರೂ ಕವಿಯಾಗುತ್ತಿರಲಿಲ್ಲ. ಪ್ಯಾರಿಸ್ಸಿನಲ್ಲಿ ಹಾಡು ಕಟ್ಟುವವರ ಸಂಘವಿತ್ತು, ಅದರ ಪರೀಕ್ಷೆ ಪಾಸಾಗದವನ ಹೆಸರು ರೆಕಾರ್ಡಿನ ಮೇಲೆ ಬರುವಂತಿರಲಿಲ್ಲ. ರಾಗಕ್ಕೆ ಒಂದು ಪರೀಕ್ಷೆ, ಹಾಡಿನ ಮಾತಿಗೆ ಒಂದು. ಮಾತಿನ ಪರೀಕ್ಷೆಗೆ ಹೋದರೆ ಒಂಟಿಯಾಗಿ ಒಂದು ಕೋಣೆಗೆ ತಳ್ಳಿ, ಒಂದು ಚೀಟಿ ಎತ್ತಿಸಿ, ಅದರಲ್ಲಿ ಬಂದ ವಿಷಯದ ಮೇಲೆ ಮೂರು ಗಂಟೆಯಲ್ಲಿ ಒಂದು ಪಲ್ಲವಿ, ಮೂರು ಚರಣ ಬರೆ ಎಂದು ಹೊರಗಿನಿಂದ ಬೀಗ ಹಾಕುತ್ತಿದ್ದರು. ಪಾಸಾಗದವರು ಏನು ಮಾಡುತ್ತಿದ್ದರು? ಪಾಸಾದವನೊಬ್ಬನ ಹೆಸರನ್ನು ಎರವಲು ಪಡೆಯುತ್ತಿದ್ದರು. ಎಲ್ಲರಿಗೂ ಗೊತ್ತಿದ್ದ ಗುಟ್ಟು ಇದು.

ಅಶಿಲ್ ಆಗ ‘ಕುಂಟ ಬಾತುಕೋಳಿ’ ಎಂಬ ನೆಲಮಾಳಿಗೆಯ ಕ್ಯಾಬರೆಯಲ್ಲಿ ಗಿಟಾರ್ ಹಿಡಿದು ಹಾಡುತ್ತಿದ್ದ. ರಾಗದ ಪರೀಕ್ಷೆ ನೀರು ಕುಡಿದ ಹಾಗೆ ಪಾಸಾದ. ಮಾತಿನ ಪರೀಕ್ಷೆಯಲ್ಲಿ ಎರಡು ಸಲ ಡುಮ್ಕಿ. ಮೂರು ಗಂಟೆ ಕೂತು ಖಾಲಿ ಹಾಳೆ ಕೊಟ್ಟು ಬಂದಿದ್ದ. ಅವನಿಗೆ ಮಾತು ಬರುತ್ತಿರಲಿಲ್ಲವೆಂದಲ್ಲ. ಆರನೇ ವಯಸ್ಸಿಗೇ ಅವನನ್ನು ದೋಣಿಯಿಂದ ಇಳಿಸಿ ದುವೆ ಊರಿನ ವಸತಿಶಾಲೆಗೆ ಬಿಟ್ಟಿದ್ದರು. ಓಡುತ್ತಲೇ ಇರುವ ದೋಣಿಯಲ್ಲಿ ಮಕ್ಕಳನ್ನು ಓದಿಸುವುದು ಹೇಗೆ? ನಮ್ಮ ಜನರೆಲ್ಲ ಹಾಗೇ ಮಾಡುತ್ತಿದ್ದರು. ಅಲ್ಲಿ ತಪ್ಪು ಮಾಡಿದ ಹುಡುಗರನ್ನು ಕೋಣೆಯೊಳಗೆ ಹಾಕಿ ಬೀಗ ಜಡಿಯುತ್ತಿದ್ದರಂತೆ. ಬೀಗದ ಸದ್ದು ಕೇಳಿದರೆ ಇಪ್ಪತ್ತೆಂಟು ವರ್ಷದ ಗಂಡಸಿಗೆ ಒಂದಕ್ಷರ ಬರೆಯಲಾಗುತ್ತಿರಲಿಲ್ಲ.

ನನ್ನನ್ನು ಶಾಲೆಗೆ ಹಾಕಲಿಲ್ಲ. ಹುಡುಗಿ, ಚುಕ್ಕಾಣಿ ಹಿಡಿಯಲು ಒಂದು ಕೈ ಬೇಕು, ಇರಲಿ ಎಂದರು. ಗೇಟು ತೆರೆಯುವ ತನಕ ಕಾಯುವಾಗ ಗೇಟಿನವರ ಹೆಂಡತಿಯರು ಅಷ್ಟಿಷ್ಟು ಅಕ್ಷರ ಕಲಿಸಿದರು, ಉಳಿದದ್ದನ್ನು ಹಳೇ ಪೇಪರಿನಿಂದ ಕಲಿತೆ. ಮೂರು ಹೆಜ್ಜೆ ಉದ್ದದ ಕ್ಯಾಬಿನ್ನಿನಲ್ಲಿ, ಅಪ್ಪನ ಗೊರಕೆಯ ಪಕ್ಕದಲ್ಲಿ, ಮೊಣಕಾಲ ಮೇಲೆ ಹಾಳೆ ಇಟ್ಟು ಬರೆಯಲು ಕಲಿತವಳಿಗೆ ಯಾವ ಕೋಣೆ ಚಿಕ್ಕದು?

ಕ್ಯಾಬರೆಯ ಯಜಮಾನ ಅವನಿಗೆ ಹೇಳಿದ್ದನಂತೆ, "ನಿನ್ನ ಹತ್ತು ಹಾಡಿಗೂ ನನ್ನ ಹೆಸರು ಹಾಕೋಣ ಮರಿ, ಮನೆ ಮಂದಿಯಲ್ವಾ." ಅಶಿಲ್ ನಮ್ಮ ದೋಣಿಗೆ ಬಂದು ಅತ್ತ. ನನಗೆ ಸಿಟ್ಟು ನೆತ್ತಿಗೇರಿತು. "ಮನೆಮಂದಿ ಹೆಸರೇ ಬೇಕು ಅಂದ್ರೆ ನಾನಿಲ್ವೇನೋ? ನಾನು ಕೂರ್ತೀನಿ ಪರೀಕ್ಷೆಗೆ," ಎಂದೆ. ಬಾಯಿ ತಪ್ಪಿ ಅಂದದ್ದು. ಅವನು ಕಣ್ಣೊರೆಸಿಕೊಂಡು ನಾಲ್ಕು ದಿನ ನನಗೆ ಒಂದು ಹಾಡು ಬಾಯಿಪಾಠ ಮಾಡಿಸಿದ. ಅಕ್ಟೋಬರಿನ ಗಾಳಿಯ ಮೇಲೆ ಬರೆದದ್ದು. "ಯಾವ ವಿಷಯ ಬಂದ್ರೂ ಗಾಳಿನ ಅಲ್ಲಿಗೆ ತಿರುಗಿಸು ಅಕ್ಕ. ಕೊಡೆ ಬಂದ್ರೆ ಗಾಳಿ ಕೊಡೆ ಹಾರಿಸ್ತು ಅನ್ನು, ಪ್ರೀತಿ ಬಂದ್ರೆ ಗಾಳಿ ಪ್ರೀತೀನ ಹಾರಿಸ್ತು ಅನ್ನು."

ನನ್ನ ಚೀಟಿಯಲ್ಲಿ ಬಂದದ್ದು ‘ನೆರೆಮನೆ’. ನೆರೆಮನೆಯನ್ನು ಯಾವ ಗಾಳಿ ಹಾರಿಸುತ್ತದೆ? ಅರ್ಧ ಗಂಟೆ ಹೆಬ್ಬೆರಳು ಕಚ್ಚಿಕೊಂಡು ಕೂತೆ. ಆಮೇಲೆ ಅನ್ನಿಸಿತು, ನಮಗೆ ನೆರೆಮನೆ ಇತ್ತೇ? ಸಂಜೆ ಯಾವ ದೋಣಿಯ ಪಕ್ಕ ಹಗ್ಗ ಕಟ್ಟಿದೆವೋ ಅದೇ ನೆರೆಮನೆ. ಅಮ್ಮ ನನ್ನ ಕೈಗೆ ಒಂದು ಬಟ್ಟಲು ಕೊಟ್ಟು ಉಪ್ಪು ಕೇಳಲು ಕಳಿಸುತ್ತಿದ್ದಳು. ಬೆಳಗ್ಗೆ ವಾಪಸು ಕೊಡೋಣವೆಂದು ಏಳುವ ಹೊತ್ತಿಗೆ ಆ ಮನೆ ಹೊರಟುಹೋಗಿರುತ್ತಿತ್ತು. ಅಷ್ಟನ್ನೇ ಬರೆದೆ.

‘ನಿನ್ನೆಯ ನೆರೆಮನೆ ನೀರ ಮೇಲೆ ಹೋಯಿತು, ಕೊಟ್ಟ ಹಿಡಿ ಉಪ್ಪು ನಮ್ಮ ಸಾರಿನಲ್ಲಿ ಉಳಿಯಿತು’ ಎಂಬುದು ಪಲ್ಲವಿ. ಮೂರು ಚರಣ. ಒಂದೂಮುಕ್ಕಾಲು ಗಂಟೆಯಲ್ಲಿ ಮುಗಿಸಿ ಬಾಗಿಲು ಬಡಿದೆ. ಪಾಸಾದೆ. ವಾಪಸು ಬರುವ ರೈಲಿನಲ್ಲಿ ಅಶಿಲ್‌ಗೆ ಹೇಳಿ ತೋರಿಸಿದೆ. ಮೂರನೆಯ ಸ್ಟೇಷನ್ ಬರುವಷ್ಟರಲ್ಲಿ ಅವನು ಅದಕ್ಕೆ ರಾಗ ಹಾಕಿದ್ದ. ರಾಗ ಅವನದೇ, ಚಿನ್ನದಂಥ ರಾಗ, ಅದನ್ನು ನಾನು ಎಂದೂ ಇಲ್ಲವೆನ್ನುವುದಿಲ್ಲ.

ರೆಕಾರ್ಡು ಬಂತು. ಅವನ ಹತ್ತು, ನನ್ನದೊಂದು, ಎಲ್ಲದರ ಮೇಲೂ ನನ್ನ ಹೆಸರು. ಮೂರು ವರ್ಷದ ಮೇಲೆ ಅವನೂ ಪಾಸಾದ, ಯಾರೋ ಪುಣ್ಯಾತ್ಮ ಬಾಗಿಲಿಗೆ ಬೀಗ ಹಾಕದೆ ಬಿಟ್ಟಿದ್ದನಂತೆ. ಆಮೇಲಿನ ಹಾಡೆಲ್ಲ ಅವನ ಹೆಸರಿನಲ್ಲೇ ಬಂದವು. ನಾನು ಇನ್ನೊಂದು ಹಾಡು ಬರೆಯಲಿಲ್ಲ. ಮದುವೆಯಾಯಿತು, ಗೇಟು, ಮಕ್ಕಳು, ಕೋಳಿಗಳು. ಎಫ್. ವಾತ್ರಿನ್ ಎಂದರೆ ಅಶಿಲ್‌ನ ಮುಖವಾಡ ಎಂದು ಹಾಡಿನ ಲೋಕಕ್ಕೆಲ್ಲ ಗೊತ್ತಾಯಿತು. ನಾನೂ ನಕ್ಕು ಸುಮ್ಮನಿದ್ದೆ, ಯಾಕೆಂದರೆ ಅವನಿಗಂತೂ ನಿಜ ಗೊತ್ತು ಎಂದುಕೊಂಡಿದ್ದೆ. ಆ ಹತ್ತು ಹಾಡುಗಳು ಈಗ ಯಾರಿಗೂ ನೆನಪಿಲ್ಲ. ಉಪ್ಪಿನ ಹಾಡನ್ನು ಶಾಲೆಯ ಮಕ್ಕಳು ಹಾಡುತ್ತಾರೆ, ನಮ್ಮ ದೋಣಿಯವರು ಸತ್ತರೆ ಹೂಳುವ ಮುಂಚೆ ಹಾಡುತ್ತಾರೆ. ನನ್ನ ಗಂಡನಿಗೂ ಹಾಡಿದರು.

ನೂರ ಹದಿಮೂರನೆಯ ಪುಟ ತಿರುಗಿಸಿದೆ. ಉಪ್ಪಿನ ಹಾಡು ಹುಟ್ಟಿದ್ದು ಹೇಗೆ ಎಂದು ಅವನು ಎರಡು ಪುಟ ಬರೆದಿದ್ದ. ‘ಸಂಜೆಯಾದರೆ ಅಮ್ಮ ನನ್ನ ಕೈಗೆ ಬಟ್ಟಲು ಕೊಡುತ್ತಿದ್ದಳು. ಹಲಗೆ ದಾಟಿ ಪಕ್ಕದ ದೋಣಿಗೆ ಹೋಗುವಾಗ ಕೆಳಗೆ ನೀರು ಕಪ್ಪಗಿರುತ್ತಿತ್ತು...’ ಚೆನ್ನಾಗಿಯೇ ಬರೆದಿದ್ದ ದರಿದ್ರದವನು! ಇಡೀ ಪುಸ್ತಕದಲ್ಲಿ ಅದರಷ್ಟು ಚೆಂದದ ಎರಡು ಪುಟ ಇನ್ನಿಲ್ಲ. ಹಾಡು ಹೋದರೆ ಹಾಳಾಗಲಿ, ನನ್ನ ಬಾಲ್ಯವನ್ನೂ ಎತ್ತಿಕೊಂಡು ಹೋಗಿದ್ದಾನಲ್ಲ! ಆ ಬಟ್ಟಲು ಹಿಡಿದು ಹಲಗೆಯ ಮೇಲೆ ನಡುಗುತ್ತ ನಡೆದವಳು ನಾನು. ಅವನು ಆಗ ದುವೆಯಲ್ಲಿ ಲ್ಯಾಟಿನ್ ಕಲಿಯುತ್ತಿದ್ದ.

ನಾಲ್ಕು ದಿನ ನಾನು ಏನು ಮಾಡಿದೆನೋ ನನಗೇ ಗೊತ್ತಿಲ್ಲ. ಫೋನು ಎತ್ತಿ ಇಟ್ಟೆ. ಕೆಂಪು ಪೆನ್ಸಿಲ್ಲಿನಿಂದ ‘ಹನ್ನೊಂದು’ ಹೊಡೆದು ‘ಹತ್ತು’ ಎಂದು ಬರೆದೆ, ಆಮೇಲೆ ರಬ್ಬರಿನಿಂದ ಉಜ್ಜಿದೆ, ಪುಟ ಹರಿಯುವ ಹಾಗಾಯಿತು. ಅವನಿಗೆ ತಿಳಿಯದಂತೆ ತಿದ್ದಿ ಕಳಿಸಿದರೆ ಅದು ಪ್ರೂಫು ತಿದ್ದಿದಂತೆ, ಅಷ್ಟೇ. ಅವನ ಬಾಯಲ್ಲೇ ‘ಅಕ್ಕ, ಅದು ನಿಂದು’ ಎಂಬ ಮಾತು ಬರಬೇಕಿತ್ತು ನನಗೆ. ಸೋಮವಾರದ ಒಳಗೆ.

ಭಾನುವಾರ ಹನ್ನೆರಡು ಗಂಟೆಯ ರೈಲಿಗೆ ಬಂದ. ಕೈಯಲ್ಲಿ ಪೇಸ್ಟ್ರಿ ಅಂಗಡಿಯ ಡಬ್ಬಿ, ಕೊರಳಿಗೆ ಆ ಹಳೇ ಮಫ್ಲರು. ಅಣಬೆ ಹಾಕಿ ಕರುವಿನ ಮಾಂಸ ಬೇಯಿಸುತ್ತಿದ್ದೆ.

"ಆಹಾ, ಬೀದಿ ತುದಿಗೇ ಘಮ್ ಅಂತಿದೆ ಅಕ್ಕ!"

"ಮೊದ್ಲು ಕೂತ್ಕೋ."

"ಅಪ್ಪಾ, ನಿನ್ನ ಮುಖ ನೋಡಿದ್ರೆ ಪಾತ್ರೇಲಿ ಬೇಯ್ತಿರೋದು ನಾನೇ ಅನ್ಸುತ್ತೆ. ಅಷ್ಟೊಂದು ತಪ್ಪಿತ್ತಾ?"

"ಒಂದೇ ತಪ್ಪು. ನೂರ ಹನ್ನೆರಡನೇ ಪುಟ. ಹನ್ನೊಂದು ಅಂತ ಬರ್ದಿದೀಯ. ಹತ್ತು."

ಅವನು ಬೆರಳು ಮಡಿಸುತ್ತ ಹಾಡುಗಳ ಹೆಸರು ಹೇಳಿದ. ಹನ್ನೊಂದನೆಯದಕ್ಕೆ ಬಂದಾಗ ನಾನು ಸೌಟು ಎತ್ತಿದೆ. "ಅದು ನಂದು ಅಶಿಲ್. ಉಪ್ಪಿನ ಹಾಡು ನಂದು."

ಅವನು ನಕ್ಕ. ನಾನು ನಗಲಿಲ್ಲ. ಆಗ ಅವನ ಮುಖದಲ್ಲಿ ಕಾಣಿಸಿದ್ದು ಸಿಟ್ಟಲ್ಲ, ಕಳ್ಳತನ ಸಿಕ್ಕಿಬಿದ್ದವನ ಗಾಬರಿಯೂ ಅಲ್ಲ. ಅಕ್ಕನಿಗೆ ಅರುಳು ಮರುಳಾಯಿತಲ್ಲ ಎಂಬ ಮರುಕ. ಅದನ್ನು ಕಂಡು ನನಗೆ ಸೌಟಿನಿಂದ ಹೊಡೆಯುವಷ್ಟು ಕೋಪ ಬಂತು.

"ಅಕ್ಕ," ಎಂದ ಮೆಲ್ಲಗೆ, "ನಾನೇ ನಿಂಗೆ ಬಾಯಿಪಾಠ ಮಾಡ್ಸಿದ್ದಲ್ವಾ? ನಾಲ್ಕು ದಿನ. ನೀನು ಒಳಗೆ ಹೋಗಿ ಬರೆದು ಬಂದೆ. ಪಾಪ, ವಯಸ್ಸಾಯ್ತು, ಮರೆತಿದೀಯ."

"ನೀನು ಬಾಯಿಪಾಠ ಮಾಡ್ಸಿದ್ದು ಗಾಳಿ ಹಾಡು!"

"ಗಾಳಿ ಹಾಡಾ? ಯಾವ ಗಾಳಿ ಹಾಡು?"

"ಅಕ್ಟೋಬರ್ ಗಾಳಿ. ಮೂರು ಸಲ ಹುಯ್ಯೋ ಅಂತಿತ್ತು. ಈಗ್ಲೂ ಪೂರ್ತಿ ಹೇಳ್ತೀನಿ ಬೇಕಾದ್ರೆ, ಅಷ್ಟು ಕೆಟ್ಟದಾಗಿತ್ತು ಅದು. ನನ್ನ ಹಾಳೆ ಆ ಸಂಘದ ಕಪಾಟಿನಲ್ಲಿ ಇನ್ನೂ ಇರುತ್ತೆ. ತರಿಸ್ಲಾ?"

"ತರಿಸು. ನಿನ್ನ ಅಕ್ಷರ ಇರುತ್ತೆ. ಅಕ್ಷರ ನಿಂದಲ್ಲ ಅಂತ ಯಾರಂದ್ರು?"

ನೋಡಿ, ಅಲ್ಲಿಗೆ ನನ್ನ ಸಾಕ್ಷಿಯೆಲ್ಲ ಮುಗಿಯಿತು. ಇಂಥ ಮನುಷ್ಯನ ಎದುರು ಹಾಳೆ ತಂದು ಏನು ಪ್ರಯೋಜನ? ಊಟ ಬಡಿಸಿದೆ. ಸಿಟ್ಟು ಬಂದರೂ ಬಡಿಸಲೇಬೇಕಲ್ಲ. ಇಬ್ಬರೂ ತಲೆ ತಗ್ಗಿಸಿ ತಿಂದೆವು. ಚೀಸು ಮೇಜಿಗೆ ಬಂದ ಮೇಲೆ ಅವನು ಚಾಕು ಕೆಳಗಿಟ್ಟ.

"ಸರಿ, ನಿಂದೇ ಅಂತಿಟ್ಕೋ. ಹಾಗಾದ್ರೆ ನಂದು ಅಂತ ಏನು ಉಳೀತು ಹೇಳು. ನೂರ ನಲವತ್ತು ಹಾಡು ಬರ್ದೆ ಅಕ್ಕ. ಮೊನ್ನೆ ಆಸ್ಪತ್ರೇಲಿ ನರ್ಸು ಹುಡುಗಿ ‘ನೀವೇನಾ ಅವರು’ ಅಂತ ಕೇಳಿ ಏನು ಹಾಡಿದ್ಲು? ಉಪ್ಪು. ಟ್ಯಾಕ್ಸಿಯವನು ಏನು ಹಾಡ್ತಾನೆ? ಉಪ್ಪು. ನಾನು ಸತ್ತ ಮಾರನೇ ದಿನ ಪೇಪರಿನಲ್ಲಿ ಒಂದೇ ಒಂದು ಸಾಲು ಇರುತ್ತೆ, ಅದೂ ಅದೇ. ಅದು ನಂದಲ್ಲ ಅಂದ್ರೆ ನಾನು ಯಾರು?"

ಹೊತ್ತು ಎತ್ತಿ ಆಡಿಸಿದ ತಮ್ಮ. ಎದೆಗೆ ಆಪರೇಷನ್ ಆದವನು. ಹಾಳಾಗಿ ಹೋಗಲಿ, ಅವನ ಜೊತೆ ಹೂತುಬಿಡಲಿ ಆ ಹಾಡನ್ನು, ನನಗೆ ಕೋಳಿಗಳಿವೆ, ಮೊಮ್ಮಕ್ಕಳಿದ್ದಾರೆ ಎಂದುಕೊಂಡೆ. ‘ಹೋಗಲಿ ಬಿಡೋ’ ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ಅಷ್ಟರಲ್ಲಿ ಅವನು ಕಣ್ಣು ಮುಚ್ಚಿ ಹೇಳಿದ:

"ಬಟ್ಟಲು ಹಿಡ್ಕೊಂಡು ಹಲಗೆ ದಾಟ್ತಿದ್ದದ್ದು ಇವತ್ತಿಗೂ ಕಣ್ಣಿಗೆ ಕಟ್ಟಿದ ಹಾಗಿದೆ ನಂಗೆ. ಅಮ್ಮ ಹಿಂದಿನಿಂದ ‘ಹುಷಾರು ಕಂದ’ ಅಂತಿದ್ಲು."

"ನಿಂಗಾ? ನಿಂಗೆ ‘ಹುಷಾರು ಕಂದ’ ಅಂದ್ಲಾ?" ನನ್ನ ದನಿ ಸೀಳಿಹೋಯಿತು. "ಹಾಗಾದ್ರೆ ಹೇಳು. ಅಷ್ಟು ಸಲ ಉಪ್ಪು ತಂದವನು ಹೇಳು. ನಮ್ಮ ದೋಣೀಲಿ ಉಪ್ಪು ಯಾವತ್ತು ಖಾಲಿ ಆಗಿತ್ತು?"

ಅವನು ಕಣ್ಣು ತೆರೆದ. "ಖಾಲಿ ಆಗಿದ್ದಕ್ಕೇ ಅಲ್ವಾ ಕಳಿಸ್ತಿದ್ದದ್ದು?"

"ಒಲೆ ಪಕ್ಕದ ಜಾಡಿ ತುಂಬ ಉಪ್ಪಿತ್ತು. ಯಾವಾಗ್ಲೂ ಇತ್ತು. ನಾನು ತಂದಿದ್ದನ್ನ ಅಮ್ಮ ಕಾಲುವೆಗೆ ಸುರೀತಿದ್ಲು. ಹಾಡಲ್ಲಿ ಸಾರಿಗೆ ಹಾಕಿದೀನಿ ಅಷ್ಟೇ."

"ಮತ್ತ್ಯಾಕೆ ಕಳಿಸ್ತಿದ್ಲು?"

ಇದನ್ನು ಯಾರಿಗೂ ಹೇಳಬಾರದು ಎಂದು ಅಮ್ಮ ನನ್ನಿಂದ ಆಣೆ ಹಾಕಿಸಿಕೊಂಡಿದ್ದಳು. ಹುಡುಗನಿಗೆ ಗೊತ್ತಾದರೆ ಅಳುತ್ತಾನೆ, ಶಾಲೆ ಬಿಟ್ಟು ಓಡಿಬರುತ್ತಾನೆ ಎಂದು. ಅರವತ್ತು ವರ್ಷ ಆ ಆಣೆ ಹೊಟ್ಟೆಯಲ್ಲಿಟ್ಟುಕೊಂಡಿದ್ದೆ. ಆ ಭಾನುವಾರ ಅಮ್ಮನ ಮೇಲೂ ನನಗೆ ಸಿಟ್ಟಿತ್ತು, ಹೇಳಿಬಿಟ್ಟೆ.

"ನಿನ್ನ ಶಾಲೆ ಕಿಟಕಿ ಕಾಲುವೆ ಕಡೆಗಿತ್ತಲ್ವಾ? ದೋಣಿ ಹೋಗುವಾಗ ನೀವು ಹುಡುಗರೆಲ್ಲ ಕಿಟಕೀಲಿ ನಿಂತು ಕೈ ಬೀಸ್ತಿದ್ರಿ."

"ಹೌದು. ನಮ್ಮ ದೋಣಿ ಬರುತ್ತೇನೋ ಅಂತ."

"ನಮ್ಮ ದೋಣಿ ಆರು ತಿಂಗಳಿಗೊಂದು ಸಲ ಆ ದಾರೀಲಿ ಹೋಗ್ತಿತ್ತು. ಮಿಕ್ಕ ದೋಣಿಗಳು ದಿನಾ ಹೋಗ್ತಿದ್ವು. ಅಮ್ಮ ನನ್ನ ಕೈಲಿ ಅವರನ್ನ ಕೇಳಿಸ್ತಿದ್ಲು ಕಣೋ. ‘ಉಪ್ಪು ಕೇಳು, ಆಮೇಲೆ ದುವೆ ದಾಟಿ ಬಂದ್ರಾ ಅಂತ ಕೇಳು, ಆಮೇಲೆ ಕಿಟಕೀಲಿ ಕೆಂಪು ಟೋಪಿ ಹಾಕ್ಕೊಂಡ ಹುಡುಗ ಇದ್ನಾ ಅಂತ ಕೇಳು.’ ಬರೀ ಅದನ್ನೇ ಕೇಳೋಕೆ ನಾಚಿಕೆ ಅವಳಿಗೆ. ಎಲ್ಲರೂ ಮಕ್ಕಳನ್ನ ಬಿಟ್ಟೋರೇ, ಇವಳೊಬ್ಬಳೇ ಅಳ್ತಾಳೆ ಅಂತ ಆಡ್ಕೋತಾರೆ ಅಂತ. ಅದಕ್ಕೆ ಉಪ್ಪು."

ಅಶಿಲ್ ತನ್ನ ಬೋಳು ತಲೆ ಮುಟ್ಟಿಕೊಂಡ. "ಆ ಟೋಪಿ..." ಎಂದ. "ಹುಡುಗೀರ ಟೋಪಿ ಅಂತ ಎಷ್ಟು ಒದೆ ತಿಂದಿದೀನಿ ಅದಕ್ಕೆ. ಬೇರೆ ಬಣ್ಣದ್ದು ಹೆಣೆದ್ಕೊಡು ಅಂತ ಕಾಗದ ಬರ್ದೆ, ಮತ್ತೆ ಕೆಂಪೇ ಕಳಿಸಿದ್ಲು."

"ನೀರಿನ ಮೇಲಿಂದ ಕಾಣ್ಬೇಕಲ್ಲ."

ನಾನು ನಿಲ್ಲಿಸಬಹುದಿತ್ತು. ಆದರೆ ನನ್ನದೂ ಒಂದು ಲೆಕ್ಕವಿತ್ತು, ಅರವತ್ತು ವರ್ಷ ಹಳೆಯದು.

"ನೀನು ರಜಕ್ಕೆ ಬಂದಾಗ ಒಂದು ಸಲವಾದ್ರೂ ಉಪ್ಪಿಗೆ ಕಳಿಸಿದ್ಲಾ? ನೆನಪು ಮಾಡ್ಕೋ. ಇಲ್ಲ. ನೀನೇ ಇದ್ಯಲ್ಲ, ಇನ್ಯಾಕೆ ಉಪ್ಪು? ನಿನ್ನ ಪುಸ್ತಕದಲ್ಲಿ ಬಟ್ಟಲು ಹಿಡ್ಕೊಂಡು ಹೋಗೋ ಮಗು ನಾನು. ‘ಟೋಪಿ ಹುಡುಗ ಕಂಡ, ಚೆನ್ನಾಗಿದಾನೆ’ ಅಂದ್ರೆ ಅವತ್ತು ಅಮ್ಮ ಹಾಡ್ತಿದ್ಲು. ಕಾಣ್ಲಿಲ್ಲ ಅಂದ್ರೆ ನಂಗೆ ಬೈಗುಳ, ಸರಿಯಾಗಿ ಕೇಳ್ಲಿಲ್ಲ ಅಂತ. ಕೊನೆಕೊನೆಗೆ ನಾನು ಕೇಳದೇನೇ ಬಂದು ‘ಕಂಡನಂತೆ, ನಗ್ತಿದ್ದನಂತೆ’ ಅಂತಿದ್ದೆ. ಹೊಟ್ಟೆಕಿಚ್ಚಿತ್ತು ನಂಗೆ. ಪಕ್ಕದಲ್ಲೇ ಇರೋ ಮಗಳನ್ನ ಬಿಟ್ಟು, ಕಾಣದ ಮಗನಿಗೆ ದಿನಾ ದೀಪ ಹಚ್ತಾಳಲ್ಲ ಅಂತ. ಪರೀಕ್ಷೆ ಕೋಣೇಲಿ ಅದನ್ನೂ ಬರೀತಿದ್ದೆ. ಮೂರೇ ಚರಣ ಅಂದ್ರು, ಬಿಟ್ಟೆ."

ಅಶಿಲ್ ಎದ್ದು ಕಿಟಕಿಯ ಹತ್ತಿರ ಹೋಗಿ ನಿಂತ. ಹೊರಗೆ ಮರಳು ತುಂಬಿದ ದೋಣಿಯೊಂದು ಹೋಗುತ್ತಿತ್ತು. ಬೆನ್ನು ಮಾತ್ರ ಕಾಣುತ್ತಿತ್ತು ನನಗೆ, ಆ ಬೆನ್ನು ಅಲ್ಲಾಡುತ್ತಿತ್ತು. ಎಂಟು ವರ್ಷ ಆ ಶಾಲೆಯಲ್ಲಿ ತನ್ನನ್ನು ಎಲ್ಲರೂ ಮರೆತುಬಿಟ್ಟರು ಎಂದುಕೊಂಡೇ ಅವನು ದೊಡ್ಡವನಾದದ್ದು. ನೂರ ನಲವತ್ತು ಹಾಡಿನಲ್ಲಿ ನೂರು ಅದರ ಮೇಲೆಯೇ ಇವೆ. ನಾನು ಹೋಗಿ ಅವನ ಬೆನ್ನ ಮೇಲೆ ಕೈಯಿಟ್ಟೆ. ಸುಮ್ಮನಿರುವುದೇ ಒಳ್ಳೆಯದಿತ್ತೇನೋ ಎಂದೂ ಅನ್ನಿಸಿತು.

ಕಿಟಕಿಯಿಂದ ತಿರುಗದೆಯೇ ಅವನು ಕೇಳಿದ, "ನೆರೆಮನೆ ಅಂತ ಚೀಟಿ ಬಂದಿತ್ತಾ?"

"ಹೂಂ."

"ರೈಲಲ್ಲಿ ನೀನು ಹೇಳಿದ್ದು. ನಂಗೆ ಕಿಟಕಿ ಕಡೆ ಸೀಟು ಬಿಟ್ಟುಕೊಟ್ಟು ಹೇಳಿದೆ." ಮೂಗೊರೆಸಿಕೊಂಡ. "ಇದು ನಂಗೂ ಆಗಿತ್ತು ಅಂತ ಅವತ್ತೇ ಅನ್ಕೊಂಡುಬಿಟ್ಟೆ ಅಕ್ಕ. ಆಗಿದ್ರೆ ಚೆನ್ನಾಗಿತ್ತು ಅಂತ. ಹಾಡ್ತಾ ಹಾಡ್ತಾ ಆಗೇಹೋಯ್ತು. ಅದು ನಿಂದೇ ಅಕ್ಕ."

ಬಂತು. ನನಗೆ ಬೇಕಾದ ಮಾತು ಬಂತು. ಗೆದ್ದವಳ ಹಾಗೆ ಕುಣಿಯುತ್ತೇನೆ ಎಂದುಕೊಂಡಿದ್ದೆ, ಬದಲಿಗೆ ಕಾಫಿ ಮಾಡಲು ಹೋಗಿ ಹಾಲು ಉಕ್ಕಿಸಿದೆ. ಅವನು ನನ್ನ ಕೆಂಪು ಪೆನ್ಸಿಲ್ ತೆಗೆದುಕೊಂಡು ಎರಡು ಪುಟವನ್ನೂ ಮೂಲೆಯಿಂದ ಮೂಲೆಗೆ ಹೊಡೆದುಹಾಕಿದ. ಪುಸ್ತಕದ ಅತಿ ಚೆಂದದ ಎರಡು ಪುಟ. ‘ಹತ್ತು ಹಾಡು ನನ್ನವು, ಹನ್ನೊಂದನೆಯದು, ಉಪ್ಪಿನದು, ನನ್ನ ಅಕ್ಕನದು, ಅದರಲ್ಲಿ ನನ್ನದು ರಾಗ ಮಾತ್ರ’ ಎಂದು ಅಂಚಿನಲ್ಲಿ ಬರೆದ. ಹೊರಡುವಾಗ ಬಾಗಿಲಲ್ಲಿ ನಿಂತು, "ಆ ನಾಲ್ಕನೇ ಚರಣ ಬರ್ದುಕೊಡ್ತೀಯಾ?" ಎಂದು ಕೇಳಿದ.

"ಇಲ್ಲ. ಅದು ಹಾಡೋಕಲ್ಲ," ಎಂದೆ.

ಪುಸ್ತಕ ವಸಂತಕ್ಕೆ ಬಂತು. ಏನಾಯಿತು ಗೊತ್ತೇ? ಒಬ್ಬರೂ ನಂಬಲಿಲ್ಲ! ಪ್ರಕಾಶಕರ ಕಡೆಯ ಮದಾಮ್ ಲೆಸ್ಕಾಲ್ ನನಗೆ ಫೋನು ಮಾಡಿ, "ಎಂಥಾ ದೊಡ್ಡ ಮನಸ್ಸು ನಿಮ್ಮ ತಮ್ಮಂದು! ಜೀವಮಾನದ ಹಾಡನ್ನೇ ನಿಮಗೆ ಉಡುಗೊರೆ ಕೊಟ್ಟುಬಿಟ್ರಲ್ಲ," ಎಂದು ಗದ್ಗದಿತಳಾದಳು. "ಉಡುಗೊರೆಯಲ್ಲ, ನಂದೇ," ಎಂದೆ. "ನಿಮ್ಮದೂ ಏನು ವಿನಯ!" ಎಂದಳು. ಪೇಪರಿನವರು ‘ಕವಿಯ ಕೊನೆಯ ಔದಾರ್ಯ’ ಎಂದು ಬರೆದರು. ಅಂಚೆಯವನು ಕೂಡ, "ಲಾಟರಿ ಹೊಡೀತಲ್ಲಜ್ಜಿ," ಎಂದು ಕಣ್ಣು ಹೊಡೆದ. ನಿಜ ಹೇಳಿದ್ದಕ್ಕೆ ಅವನ ಕೀರ್ತಿ ಇನ್ನೊಂದು ಮಹಡಿ ಏರಿತು, ನಾನು ಇದ್ದಲ್ಲೇ ಇದ್ದೆ. ಅಶಿಲ್ ರೇಡಿಯೋದಲ್ಲಿ ಎರ್ರಾಬಿರ್ರಿ ಕಿರುಚಾಡಿದ, "ಉಡುಗೊರೆ ಅಲ್ಲ ಕಣ್ರೀ, ಅವಳೇ ಬರ್ದಿದ್ದು!" ಎಂದು. ಸಂದರ್ಶನ ಮಾಡುವವನು, "ಆಹಾ," ಎಂದ.

ಜೂನಿನಲ್ಲಿ ಅಶಿಲ್ ನಮ್ಮ ಊರಿನ ಪುರಸಭೆಯ ಹಾಲಿಗೆ ಹಾಡಲು ಬಂದ, ಭಾನುವಾರ ಮಧ್ಯಾಹ್ನ ಮೂರು ಗಂಟೆಗೆ. ಡಾಕ್ಟರು ಬೇಡವೆಂದಿದ್ದರೂ ಬಂದ. ನನ್ನನ್ನು ಮುಂದಿನ ಸಾಲಿನಲ್ಲಿ ಕೂರಿಸಿದರು. ಪಕ್ಕದಲ್ಲಿ ಔಷಧಿ ಅಂಗಡಿಯ ಹೆಂಗಸು ಕೂತಿದ್ದಳು. ಒಂದು ಗಂಟೆ ಅವನು ತನ್ನ ಹಾಡು ಹಾಡಿದ. ಕಾಲು ತಟ್ಟುತ್ತ, ಜನರನ್ನು ಚುಡಾಯಿಸುತ್ತ, ಮೂವತ್ತರ ಹುಡುಗನ ಹಾಗೆ. ಆಮೇಲೆ ಗಿಟಾರ್ ಸರಿಮಾಡಿಕೊಂಡು, "ಇದು ನನ್ನ ಅಕ್ಕ ಫೆರ್ನಾಂದ್ ಬರೆದ ಹಾಡು," ಎಂದ. ಜನ ಚಪ್ಪಾಳೆ ತಟ್ಟಿದರು, ನನ್ನ ಕಡೆಗಲ್ಲ, ಅವನ ಕಡೆಗೆ. ಔಷಧಿ ಅಂಗಡಿಯವಳು ನನ್ನ ಕೈ ಒತ್ತಿ, "ಇಂಥಾ ತಮ್ಮ ಸಿಗೋಕೆ ಪುಣ್ಯ ಮಾಡಿರ್ಬೇಕು," ಎಂದಳು.

ಅವನು ಕೋಟಿನ ಜೇಬಿನಿಂದ ಒಂದು ಹಾಳೆ ತೆಗೆದ. ನಲವತ್ತು ವರ್ಷ ನಿದ್ದೆಗಣ್ಣಲ್ಲೂ ಹಾಡಿದ ಹಾಡನ್ನು ಹಾಳೆಯಲ್ಲಿ ಬರೆದುಕೊಂಡು ಬಂದಿದ್ದ. ಕನ್ನಡಕ ಹಾಕಿಕೊಂಡ. ಮೊದಲೆಲ್ಲ ಕಣ್ಣು ಮುಚ್ಚಿ, ತಲೆ ಹಿಂದಕ್ಕೆ ಚೆಲ್ಲಿ, ತನಗೆ ಬೇಕಾದಲ್ಲಿ ಎಳೆದು ಬೇಕಾದಲ್ಲಿ ನುಂಗಿ ಹಾಡುತ್ತಿದ್ದ. ಆ ದಿನ ಒಂದೊಂದು ಮಾತನ್ನೂ ನೋಡಿ ನೋಡಿ ಹಾಡಿದ, ಬೇರೆಯವರ ಕೂಸನ್ನು ಎತ್ತಿಕೊಂಡವನು ಹೆಜ್ಜೆ ಇಡುವ ಹಾಗೆ. ಎರಡನೆಯ ಚರಣದಲ್ಲಿ ಹಲಗೆ ದಾಟುವ ಮಾತು ಬಂದಾಗ ನಿಂತು ಉಸಿರು ತೆಗೆದುಕೊಂಡ. ದನಿ ನಡುಗಿತು, ತಾಳ ತಪ್ಪಿತು, ಒಂದು ಕಡೆ ಶ್ರುತಿಯೂ ಹೋಯಿತು. ಬಟ್ಟಲಿನ ಮಾತು ಬಂದಾಗ ತಲೆಯೆತ್ತಿ ನನ್ನನ್ನೇ ನೋಡಿದ, ಸರಿ ಹೇಳುತ್ತಿದ್ದೇನೆಯೇ ಎಂದು ಕೇಳುವವನಂತೆ. ನಾನು ತಲೆಯಾಡಿಸಿದೆ. ಆಗ ಮುಂದಿನ ಸಾಲಿಗೆ ಹೋದ.

"ಪಾಪ," ಎಂದು ಔಷಧಿ ಅಂಗಡಿಯವಳು ನನ್ನ ಕಿವಿಯಲ್ಲಿ ಪಿಸುಗುಟ್ಟಿದಳು, "ಮುಂಚಿನ ಹಾಗೆ ಆಗ್ತಿಲ್ಲ ಇವರಿಗೆ. ಈ ಹಾಡೊಂದು ಕೆಟ್ಟೋಯ್ತು."

"ಬಾಯಿ ಮುಚ್ಚಿ ಕೇಳ್ರೀ," ಎಂದೆ.

ನನ್ನ ಕಣ್ಣು ತುಂಬಿ ಸ್ಟೇಜು ಕಾಣಿಸುತ್ತಿರಲಿಲ್ಲ. ನಲವತ್ತು ವರ್ಷದಲ್ಲಿ ಆ ಹಾಡನ್ನು ಅವನು ಅಷ್ಟು ಕೆಟ್ಟದಾಗಿ ಎಂದೂ ಹಾಡಿರಲಿಲ್ಲ. ನಾನು ಬರೆದದ್ದನ್ನು ನಾನು ಮೊದಲ ಸಲ ಕೇಳುತ್ತಿದ್ದೆ.